ಎಷ್ಟು ನಿಮಿಷ

ಕಿಟಾಲೆಯ ಕೋರ್ಟಿನಲ್ಲಿ ಇವತ್ತು
ಬರಾಸನ ಸಾವನ್ನು ಅಳೆಯುತ್ತಿದ್ದಾರೆ.

ಲಾರಿಯ ಮಾಲೀಕ ಬಂದಿಲ್ಲ.
ಆ ಡ್ರೈವರ್ ನನ್ನವನಲ್ಲ ಎಂಬ ಕಾಗದ ಬಂದಿದೆ.

ವಯಸ್ಸು ಮೂವತ್ತೊಂಬತ್ತು. ಸಂಬಳದ ಚೀಟಿ ಇಲ್ಲ.
ಮೂರರಲ್ಲಿ ಎರಡು ಪಾಲು ಮನೆಗೆ, ಒಂದು ಅವನ ಖರ್ಚಿಗೆ;
ಹನ್ನೆರಡು ತಿಂಗಳು, ಹದಿನಾರು ವರ್ಷ, ಗುಣಿಸಿ.
ಬೈಕಿನ ಹಿಂದಿನ ದೀಪ ಕೆಟ್ಟಿತ್ತಲ್ಲ,
ನೂರಕ್ಕೆ ಇಪ್ಪತ್ತು ತಪ್ಪು ಅವನದೇ, ಕಳೆಯಿರಿ.
ನಸಿಮಿಯು ಹಾಲಿನ ಲೆಕ್ಕದ ಪುಸ್ತಕ ಕೊಟ್ಟಳು.
ಅದರಲ್ಲಿ ಅವನ ಅಕ್ಷರ, ಬಾಕಿಯವರ ಹೆಸರು,
ಒಂದು ಪುಟದಲ್ಲಿ ಮಗಳು ಬಿಡಿಸಿದ ಕೋಳಿ.
ಕೋಳಿಯ ಮೇಲೂ ಮೊಹರು ಬಿತ್ತು.

ಆಮೇಲೆ ನೋವಿನ ಬಾಬತ್ತು.
"ತಕ್ಷಣವೇ ಹೋದರು, ಏನೂ ಗೊತ್ತಾಗಿರಲಿಕ್ಕಿಲ್ಲ"
ಎಂದ ವಿಮೆಯ ವಕೀಲ, ಎಷ್ಟು ಮೆತ್ತಗೆ!
ಎರಡು ವರ್ಷದಿಂದ ಊರೆಲ್ಲ ಅವಳಿಗೆ
ಹೇಳುತ್ತಾ ಬಂದದ್ದೂ ಇದನ್ನೇ.
ತಕ್ಷಣದ ಸಾವು ಅಗ್ಗವೆಂದು
ಇವತ್ತೇ ತಿಳಿದದ್ದು.

ಅವಳ ವಕೀಲ ಕರೆಸಿದ್ದು
ತಿರುವಿನಲ್ಲಿ ಮೆಕ್ಕೆಜೋಳ ಸುಡುವ ಮುದುಕಿಯನ್ನು.
ಅವಳ ಬಳಿ ಗಡಿಯಾರವಿಲ್ಲ.
"ಆಗಷ್ಟೇ ಕೆಂಡದ ಮೇಲೆ ತೆನೆ ಇಟ್ಟಿದ್ದೆ.
ಓಡಿಹೋಗಿ ಅವನ ತಲೆ ಮಡಿಲಿಗೆ ತಗೊಂಡೆ.
ಹಾಲು ಚೆಲ್ಲಿತಾ ಅಂತ ಕೇಳಿದ. ಇಲ್ಲ ಅಂದೆ.
ಆಮೇಲೆ ಕೇಳಲಿಲ್ಲ.
ವಾಪಸು ಬಂದಾಗ ತೆನೆ ಒಂದು ಮಗ್ಗುಲು ಕರಕಲಾಗಿತ್ತು."

ಅದನ್ನು ಎಷ್ಟು ನಿಮಿಷ ಅಂತ ಬರೆಯಲಿ,
ಎಂದರು ನ್ಯಾಯಾಧೀಶರು, ಪೆನ್ನು ಎತ್ತಿ ಹಿಡಿದು.

ಹಿಂದಿನ ಬೆಂಚಿನಲ್ಲಿ ನಸಿಮಿಯು.
ದಿನಾ ಸಂಜೆ ಮಕ್ಕಳಿಗೆ ಜೋಳ ಸುಡುವವಳು.
ಒಂದು ಮಗ್ಗುಲು ಕರಕಲಾಗಲು ಎಷ್ಟು ಹೊತ್ತೆಂದು
ಅವಳಿಗೆ ಗೊತ್ತು.
ಮಡಿಲಲ್ಲಿ ಬೆರಳು ಎಣಿಸಲು ಹೋಗಿ
ನಿಂತುಬಿಟ್ಟಿದೆ.