ಕೊಯ್ಯದ ಹಾಳೆಗಳು

ಕಾದಂಬರಿಯಲ್ಲಿ ಅವಳು ಸಾಯುತ್ತಾಳೆ,
ಸಮೋಶ್ ಹೊಳೆಗೆ ಹಾರಿ.
ಸಿನಿಮಾದಲ್ಲಿ ಸಾಯಲಿಲ್ಲ:
ಚಿತ್ರೀಕರಣದ ದಿನ ಹೊಳೆ ಹೆಪ್ಪುಗಟ್ಟಿತ್ತು.

‘ಹಾರಿದರೆ ಮೊಣಕಾಲು ಮುರಿದೀತು ಅಷ್ಟೆ,
ನಡೆದೇ ಹೋಗು ಆಚೆ ದಡಕ್ಕೆ’
ಅಂದನಂತೆ ನಿರ್ದೇಶಕ, ಮೂಗೊರೆಸಿಕೊಳ್ಳುತ್ತ.
ಹತ್ತೊಂಬತ್ತರ ಬೊರ್ಬಾಲಾ, ದರ್ಜಿಯ ಮಗಳು,
ಯಾರದೋ ಉಣ್ಣೆಕೋಟಿನಲ್ಲಿ
ನಡೆದಳು.

ನಡುಹೊಳೆಯಲ್ಲಿ ತಿರುಗಿ ಏನೋ ಅಂದಳು.
ಪರದೆಯ ಮೇಲೆ ಅಕ್ಷರ ಮೂಡಿತು: ‘ಕ್ಷಮಿಸಿದ್ದೇನೆ.’
ಕೊಲೊಜ್ವಾರ್‌ನ ಹೆಂಗಸರೆಲ್ಲ ಕಣ್ಣೊರೆಸಿಕೊಂಡರು;
ಗಡಿಯಾರ ರಿಪೇರಿಯ ಕಿವುಡ ಅಂತಾಲ್ ಮಾತ್ರ
ಹಿಂದಿನ ಬೆಂಚಿನಲ್ಲಿ ಬಿದ್ದು ಬಿದ್ದು ನಕ್ಕ.
ಅವನಿಗೆ ತುಟಿ ಓದಲು ಬರುತ್ತಿತ್ತು.
ಅವಳು ಅಂದದ್ದು:
‘ಬೂಟು ತೂತು, ಬೇಗ ಮುಗಿಸ್ರಪ್ಪಾ.’

ಆಮೇಲೆ ಗಡಿ ಬದಲಾಯಿತು, ದುಡ್ಡು ಬದಲಾಯಿತು,
ಊರಿನ ಹೆಸರೂ.
ಆರು ಸುರುಳಿಗಳನ್ನೂ ಯಾರೋ ತೂಕಕ್ಕೆ ಹಾಕಿದರು,
ಕುದಿಸಿ ಬೆಳ್ಳಿ ತೆಗೆದರು.
ಎಷ್ಟು ಬೆಳ್ಳಿ? ಕೇಳಿದ್ದೆ ಒಮ್ಮೆ.
‘ಒಂದು ಚಮಚವಾದೀತು. ಚಿಕ್ಕದು, ಟೀಯದು.’

ಈಗಲೂ ಪ್ರತಿ ಚಳಿಗಾಲ ನಮ್ಮ ಗ್ರಂಥಾಲಯಕ್ಕೆ ಬರುತ್ತಾಳೆ,
ಅದೇ ಕಾದಂಬರಿ ಒಯ್ಯುತ್ತಾಳೆ.
ಕಾರ್ಡಿನ ತುಂಬ ಅವಳೊಬ್ಬಳದೇ ಸಹಿ,
ವರ್ಷ ವರ್ಷಕ್ಕೂ ಸೊಟ್ಟಗಾಗುತ್ತ.
ಹಾಳೆಗಳ ಅಂಚನ್ನು ಓದುವವರೇ
ಕೊಯ್ದು ಬಿಡಿಸಿಕೊಳ್ಳಬೇಕಿದ್ದ ಕಾಲದ ಪುಸ್ತಕ ಅದು.
ಇನ್ನೂರ ಎಂಬತ್ತೆಂಟನೇ ಪುಟದವರೆಗೆ ಕೊಯ್ದಿದೆ.
ಅಲ್ಲಿಂದಾಚೆ
ಪುಸ್ತಕ ಬಾಯಿ ಬಿಟ್ಟಿಲ್ಲ.

ನಿನ್ನೆ ಹೊಸ ಮೇಲಧಿಕಾರಿ ಅದನ್ನು ತಿರುವಿ ನೋಡಿ,
ಕಾಗದ ಕೊಯ್ಯುವ ಚಾಕು ಎಲ್ಲಿ ಎಂದರು.
ಗೊತ್ತಿಲ್ಲ ಅಂದೆ,
ಮೇಜಿನ ಖಾನೆಯನ್ನು ಮೊಣಕಾಲಿನಿಂದ
ಮೆಲ್ಲಗೆ ಒಳದೂಡುತ್ತ.