ಒಂದು ಬೆರಳು ಸಡಿಲ

ಮುಹರ್ರಕ್ಕಿನ ಹಳೇ ಸೂಕಿನಲ್ಲಿ
ಹಲ್ವಾ ಅಂಗಡಿಗೆ ಬೆನ್ನು ಕೊಟ್ಟ ಏಳಡಿ ಜಾಗ.
ದಿನಕ್ಕೆ ಇಪ್ಪತ್ತು ಗಂಡಸರನ್ನು ತಬ್ಬುತ್ತೇನೆ:
ಎದೆ ಬಳಸಿ, ಬೆನ್ನ ಹಿಂದೆ ಕೈ ಕೂಡಿಸಿ,
ಟೇಪು ಮುಂದಕ್ಕೆಳೆದು, ಒಳಗೊಂದು ಬೆರಳಿಟ್ಟು
(ಉಸಿರಿಗೆ ಜಾಗ ಬಿಡು, ಅಂತಿದ್ದರು ಉಸ್ತಾದರು)
ನಲವತ್ತೆರಡು, ಅನ್ನುತ್ತೇನೆ.
ನೂರುದ್ದೀನ್ ಬರೆದುಕೊಳ್ಳುತ್ತಾನೆ.
ಊದಿನ ವಾಸನೆ, ಸಿಗರೇಟು, ಏಲಕ್ಕಿ ಕಾಫಿ
ಅಂಗಿಗೆ ಹತ್ತಿಸಿಕೊಂಡು ಮುಂದಿನವರಿಗೆ ತಿರುಗುತ್ತೇನೆ.

ಅಂಕೋಲೆಗೆ ಹೊರಟ ಗಣಪುವಿನ ಕೈಯಲ್ಲಿ
ಒಂದು ರವಿಕೆ ಕಳಿಸಿದ್ದೆ. ಕಡುಹಸಿರು, ಬೆನ್ನಿಗೆ ಲಾಡಿ.
ಅಳತೆ ಕೇಳಿರಲಿಲ್ಲ. ಕೇಳುವುದೇನು?
ನಾಗವೇಣಿಯದು ಕಣ್ಣು ಮುಚ್ಚಿ ಕತ್ತರಿಸಬಲ್ಲೆ
ಎಂಬ ಜಂಬ ನನಗೆ.
ವಾರ ಬಿಟ್ಟು ಫೋನು. ಮೊದಲು ನಕ್ಕಳು:
"ಇದು ಯಾರ ಅಳ್ತೆ ಮಾರಾಯ್ರೇ,
ಒಳಗೆ ಇನ್ನೊಬ್ಳು ಹಿಡೀತಾಳೆ."
ಆಮೇಲೆ ಇಬ್ಬರೂ ಸುಮ್ಮನೆ.
ಅತ್ತ ಕುಕ್ಕರು ಕೂಗಿತು, ಇತ್ತ ಏಸಿ ಗೊರೆಯಿತು.

ದಿನಾ ನೋಡಿದ ಮುಖವೇ.
ಆದರೆ ಫೋನಿನ ಗಾಜಿಗೆ ದಪ್ಪ ತೆಳುವು ತಿಳಿಯದು.
ನಾನು ಹೊಲಿದದ್ದು ಐದು ವರ್ಷದ ಹಿಂದಿನವಳಿಗೆ,
ಕೈ ನೆನಪಿಟ್ಟುಕೊಂಡವಳಿಗೆ.

ಬೂ ಜಾಸಿಮ್ ಬರುತ್ತಾರೆ
ತಿಂಗಳಿಗೊಮ್ಮೆ, ಬಿಳಿ ಬಟ್ಟೆ ಹಿಡಿದು.
ಹೆಂಡತಿ ತೀರಿ ಮೂರನೇ ವರ್ಷ.
ಹೋದ ಸಲದ ತೋಬಿನ ಮಡಿಕೆ ಇನ್ನೂ ಬಿಚ್ಚಿರಲಿಕ್ಕಿಲ್ಲ.
ಅಳತೆ ಪುಸ್ತಕದಲ್ಲಿದೆ ಬಾಬಾ, ಅಂದರೆ
ಕಿವಿ ಕೇಳದವರ ಹಾಗೆ ಕೈ ಅಗಲಿಸಿ ನಿಲ್ಲುತ್ತಾರೆ.
ನಾನೂ ಸಾವಕಾಶ ಅಳೆಯುತ್ತೇನೆ. ಹೆಗಲು.
ಮತ್ತೊಮ್ಮೆ ಹೆಗಲು. ಕುತ್ತಿಗೆಗೆ ಬೆರಳು ತಾಗಿದಾಗ
ಅವರ ಗಂಟಲು ಏನನ್ನೋ ನುಂಗುತ್ತದೆ.

ನಿನ್ನೆ ಎದೆ ಸುತ್ತಿ ಆದ ಮೇಲೆ
ಅಗಲಿಸಿದ ಕೈಗಳನ್ನು ಇಳಿಸಿದರು,
ನನ್ನ ಬೆನ್ನ ಮೇಲೆ.
ಮುದುಕರ ಕೈ ಇಷ್ಟು ಭಾರ ಇರುತ್ತದೆಂದು ಗೊತ್ತಿರಲಿಲ್ಲ,
ಇಷ್ಟು ಬಿಸಿ ಇರುತ್ತದೆಂದೂ.
ನೂರುದ್ದೀನ್ ಪೆನ್ನು ಹಿಡಿದು ಕಾಯುತ್ತಿದ್ದ.
ನಾನು ಸಂಖ್ಯೆ ಹೇಳಲಿಲ್ಲ. ಹೇಳಿದರೆ ಮುಗಿಯುತ್ತದೆ.
ಟೇಪಿನೊಳಗಿನ ಬೆರಳನ್ನು
ಮೆಲ್ಲಗೆ ತೆಗೆದುಬಿಟ್ಟೆ.

ರಾತ್ರಿ ನಾಗವೇಣಿಗೆ ಹೇಳಿದೆ:
ಮಿಷನ್ನಿನ ಖಾನೆಯಲ್ಲಿ ನನ್ನ ಹಳೇ ಟೇಪಿದೆ,
ಸುತ್ತಿಕೊಂಡು ಓದು, ಬರೆದುಕೊಳ್ಳುತ್ತೇನೆ.
ಹುಡುಕಿದಳು. ಖಾನೆ ಎಳೆದ ಸದ್ದು, ಗುಂಡಿಗಳು ಉರುಳಿದ ಸದ್ದು.
"ತುದಿ ಹರಿದು ಹೋಗಿದೆ," ಅಂದಳು,
"ಒಂದು, ಎರಡು ಇಲ್ಲವೇ ಇಲ್ಲ."

ಇರಲಿ, ಅಂದೆ.
ಮೂರರಿಂದ ಶುರು ಮಾಡು.