ಎಡಗಿವಿ

ಘಾಟ್ಕೋಪರಿನ ಕಿವಿ ಡಾಕ್ಟರರ ಗಾಜಿನ ಗೂಡಿನಲ್ಲಿ
ನನ್ನನ್ನು ಕೂರಿಸಿ ಬಾಗಿಲು ಹಾಕಿದ್ದಾಳೆ ಪ್ರಾಜಕ್ತಾ.
"ಆಜೀ, ಸದ್ದು ಕೇಳಿದರೆ ಗುಂಡಿ ಒತ್ತಿ.
ಎಷ್ಟು ಸಣ್ಣದಾದರೂ."
ತಲೆಗೆ ಹೆಡ್‌ಫೋನು ಏರಿತು.
ಐವತ್ತು ವರ್ಷದ ಮೇಲೆ
ಕೈ ತಾನಾಗಿ ಪ್ಲಗ್ಗಿನ ವಯರು ಹುಡುಕಿತು.

ಬಲಗಿವಿ ಪಾಸು.
ಎಡಗಿವಿ, ಅವಳಿಗೇನು ಗೊತ್ತು,
ಫೋರ್ಟಿನ ಟ್ರಂಕ್ ಎಕ್ಸ್‌ಚೇಂಜಿನಲ್ಲಿ
ಹನ್ನೊಂದು ವರ್ಷ ದುಡಿದ ಕಿವಿ.
ಹತ್ತಿ ದಲಾಲರ ಬೈಗುಳ, ಹೆರಿಗೆ, ಹೆಣ,
ಎಲ್ಲ ಮೂರು ಮೂರು ನಿಮಿಷ
ಅದರೊಳಗಿಂದಲೇ ಹಾದು ಹೋದವು.
ಮತ್ತು ಅವನು.

ಹೆಸರು ಕೇಳಲಿಲ್ಲ. ಕೇಳುವ ರಿವಾಜಿರಲಿಲ್ಲ.
ನಾನು ಅವನಿಗೆ ಮುಂಬಯಿ,
ಅವನು ನನಗೆ ಹುಬ್ಬಳ್ಳಿ.
"ಮುಂಬಯಿ, ಊಟ ಆತೇನ್ರಿ?"
ಆಮೇಲೆ ಮಂದಿ ಏನೇನೋ ಕರೆದರು,
ವಹಿನಿ, ಮಾಮಿ, ಈಗ ಆಜಿ.
ಇಡೀ ಊರನ್ನೇ ಎತ್ತಿ
ನನ್ನ ಹೆಸರಿಗಿಟ್ಟವನು ಅವನೊಬ್ಬ.

ಒಮ್ಮೆ ಕೇಳಿದ:
"ಸಮುದ್ರದ ಸಪ್ಪಳ ಹ್ಯಾಂಗಿರತೈತ್ರಿ?"
ನಮ್ಮ ಕಿಟಕಿಗೆ ಸಮುದ್ರವಿರಲಿಲ್ಲ,
ಎದುರು ಕಟ್ಟಡದ ಪಾಚಿಗಟ್ಟಿದ ಪೈಪಿತ್ತು.
ಮೌತ್‌ಪೀಸನ್ನು ಫ್ಯಾನಿನತ್ತ ತಿರುಗಿಸಿದೆ.
ಅತ್ತ ಬಹಳ ಹೊತ್ತು ಮಾತಿಲ್ಲ.
"ಅಬ್ಬಬ್ಬಾ," ಅಂದ, "ಭಾಳ ದೊಡ್ಡದೈತಿ ಬಿಡ್ರಿ."
ನಗು ತಡೆಯಲು ಸೆರಗು ಕಚ್ಚಿಕೊಂಡೆ.
ಸುಳ್ಳೆಂದು ಇವತ್ತಿಗೂ ಹೇಳಿಲ್ಲ.

ಶ್ರಾವಣದಲ್ಲಿ ಸಯನ್ನಿನ ಹುಡುಗ ನೋಡಿ ಹೋದ.
ಭಾನುವಾರ ಉಂಗುರ.
ಸೋಮವಾರ ಪಾಳಿಗೆ ಕೂತೆ.
"ದೀಪಾವಳಿಗೆ ರಜಾ ಸಿಕ್ಕೈತ್ರಿ.
ದಾದರ್ ಸ್ಟೇಶನ್ನಿಗೆ ಬರ್ಲೇನ್ರಿ?"
ಹೇಳಬೇಕಾದ್ದಕ್ಕೆ ಮಾತು ಸಿಗದೆ
ಕಸುಬಿನ ಮಾತೇ ಬಾಯಿಗೆ ಬಂತು:
"ಲೈನ್ ಎಂಗೇಜ್ ಇದೆ, ಹುಬ್ಬಳ್ಳಿ."

ತಿಳಿಯಿತೋ ಇಲ್ಲವೋ.
ತಂತಿಯೊಳಗೆ ಬರೀ ಗಾಳಿ,
ಎಲ್ಲೋ ಲೋಂಡಾದ ಕಾಡಿನಲ್ಲಿ ಮಳೆಯ ಕರಕರ.
ಆಮೇಲೆ, ಮೆತ್ತಗೆ:
"ಇರ್ಲಿ ಬಿಡ್ರಿ. ಹೋಲ್ಡ್ ಮಾಡಿರ್ತೀನಿ."

ಪ್ಲಗ್ಗು ಎಳೆದದ್ದು ಈ ಕೈ.
ಮಾರನೆಯ ವರ್ಷ ಹುಬ್ಬಳ್ಳಿಗೆ ನೇರ ಡಯಲಿಂಗ್ ಬಂತು.
ನಡುವೆ ಯಾರೂ ಬೇಡವಾದರು.

ಗಂಡ ಒಳ್ಳೆಯವನಾಗಿದ್ದ. ಹೋಗಿ ಆರು ವರ್ಷ.
ಅವನ ದನಿ ಬಲಗಿವಿಗೆ ಚೆನ್ನಾಗಿ ನೆನಪಿದೆ.

ಗಾಜಿನಾಚೆ ಪ್ರಾಜಕ್ತಾ ತಲೆಯಾಡಿಸುತ್ತಾಳೆ:
"ಆಜೀ, ಈಗ ನಾನೇನೂ ಕಳಿಸಿಲ್ಲ.
ಸುಮ್ಮಸುಮ್ಮನೆ ಒತ್ತುತ್ತಿದ್ದೀರಿ."

ಇರಬಹುದು, ಮಗಳೇ.
ಬೆರಳು ಗುಂಡಿಯ ಮೇಲೇ ಇದೆ.